ಚಿಲ್ಲರೆ ಆಹಾರ ಮಳಿಗೆಗಳಲ್ಲಿ ವಿದ್ಯುನ್ಮಾನ ತೂಕದ ಹಾಗೂ ಲೇಬಲ್ ಮುದ್ರಣ ಯಂತ್ರಗಳ ಬಳಕೆ

ಪೀಠಿಕೆ

ದಿನಸಿ, ಸಿಹಿತಿಂಡಿ, ಬೇಕರಿ, ಹಣ್ಣು-ತರಕಾರಿ, ಕೋಳಿ ಮಾಂಸ ಮತ್ತು ಮೀನಿನ ಅಂಗಡಿಗಳಲ್ಲಿ ತಕ್ಕಡಿ ಹಾಗೂ ತೂಕದ ಬಟ್ಟುಗಳ ಸ್ಥಾನವನ್ನು ಇಂದು ಬಹುಮಟ್ಟಿಗೆ ವಿದ್ಯುನ್ಮಾನ ತೂಕದ ಯಂತ್ರಗಳು ಪಡೆದುಕೊಂಡಿವೆ. ದೊಡ್ಡ ಮಳಿಗೆಗಳಲ್ಲಿ ಇವು ತೂಕವನ್ನು ತೋರಿಸುವುದಲ್ಲದೆ ದರವನ್ನು ಗುಣಿಸಿ, ಒಟ್ಟು ಬೆಲೆಯನ್ನು ಲೆಕ್ಕ ಹಾಕಿ, ಬಾರ್‌ಕೋಡ್ ಸಹಿತವಾದ ಅಂಟುಚೀಟಿಯನ್ನು ಮುದ್ರಿಸಿ ಕೊಡುತ್ತವೆ. ಸೇರು, ಪಾವು, ಚಟಾಕುಗಳ ವ್ಯವಹಾರವನ್ನು ಕೊನೆಗೊಳಿಸಿ ದಶಮಾಂಶ ಪದ್ಧತಿಯನ್ನು 1958ರ ಅಕ್ಟೋಬರ್‌ನಿಂದ ಹಂತ ಹಂತವಾಗಿ ಜಾರಿಗೆ ತಂದಾಗ ಗ್ರಾಹಕನು ತಕ್ಕಡಿಯ ಮುಳ್ಳನ್ನು ಕಣ್ಣಾರೆ ನೋಡಿ ತೂಕವನ್ನು ಒಪ್ಪುತ್ತಿದ್ದನು. ವಿದ್ಯುನ್ಮಾನ ಯಂತ್ರದಲ್ಲಿ ಅವನಿಗೆ ಕಾಣುವುದು ಅಂಕಿಗಳು ಮಾತ್ರ. ಆ ಅಂಕಿಗಳು ಹೇಗೆ ಮೂಡುತ್ತವೆ, ಯಾವ ಸಂದರ್ಭದಲ್ಲಿ ತಪ್ಪುತ್ತವೆ, ಮುದ್ರಿತ ಚೀಟಿಯಲ್ಲಿ ಏನಿರತಕ್ಕದ್ದು ಎಂಬುದನ್ನು ವರ್ತಕರು ಹಾಗೂ ಗ್ರಾಹಕರು ಇಬ್ಬರೂ ಅರಿತಿರುವುದು ಅವಶ್ಯಕವಾಗಿದೆ.

ಈ ಯಂತ್ರಗಳ ಬಳಕೆಯು ಕಾನೂನು ಮಾಪನಶಾಸ್ತ್ರ ಕಾಯ್ದೆ, 2009ರ ವ್ಯಾಪ್ತಿಗೆ ಒಳಪಟ್ಟಿದೆ. 2011ರ ಏಪ್ರಿಲ್ 1ರಿಂದ ಜಾರಿಗೆ ಬಂದ ಈ ಕಾಯ್ದೆಯು 1976ರ ತೂಕ ಮತ್ತು ಅಳತೆ ಮಾನಕಗಳ ಕಾಯ್ದೆ ಹಾಗೂ 1985ರ ಜಾರಿ ಕಾಯ್ದೆಗಳ ಸ್ಥಾನದಲ್ಲಿ ಬಂದಿರುತ್ತದೆ. ಯಂತ್ರದ ತಾಂತ್ರಿಕ ಗುಣಮಟ್ಟವನ್ನು 2011ರ ಸಾಮಾನ್ಯ ನಿಯಮಗಳು ನಿರ್ದಿಷ್ಟಪಡಿಸಿದರೆ, ಪೊಟ್ಟಣದ ಮೇಲಿನ ಘೋಷಣೆಗಳನ್ನು ಅದೇ ವರ್ಷದ ಪೊಟ್ಟಣ ಸಾಮಗ್ರಿ ನಿಯಮಗಳು ನಿರ್ದಿಷ್ಟಪಡಿಸುತ್ತವೆ.

ಯಂತ್ರದ ಕಾರ್ಯವಿಧಾನ

ಯಂತ್ರದ ತಟ್ಟೆಯ ಕೆಳಗೆ ಸಾಮಾನ್ಯವಾಗಿ ಅಲ್ಯೂಮಿನಿಯಂ ಲೋಹದ ಒಂದು ದಿಂಡು ಇರುತ್ತದೆ. ಇದಕ್ಕೆ ಲೋಡ್ ಸೆಲ್ ಎಂದು ಹೆಸರು. ತಟ್ಟೆಯ ಮೇಲೆ ಭಾರ ಬಿದ್ದಾಗ ಈ ದಿಂಡು ಕಣ್ಣಿಗೆ ಕಾಣದಷ್ಟು ಬಾಗುತ್ತದೆ. ದಿಂಡಿಗೆ ಅಂಟಿಸಿರುವ ತೆಳುವಾದ ತಂತಿಜಾಲಗಳು ಆಗ ಹಿಗ್ಗುತ್ತವೆ ಅಥವಾ ಕುಗ್ಗುತ್ತವೆ. ಅವುಗಳ ವಿದ್ಯುತ್ ರೋಧದಲ್ಲಿ ಉಂಟಾಗುವ ಅತ್ಯಲ್ಪ ಬದಲಾವಣೆಯನ್ನು ಯಂತ್ರವು ಅಂಕಿಗಳನ್ನಾಗಿ ಪರಿವರ್ತಿಸಿ ಪರದೆಯ ಮೇಲೆ ತೋರಿಸುತ್ತದೆ. ದಿಂಡು ಇಷ್ಟು ಸೂಕ್ಷ್ಮವಾಗಿರುವ ಕಾರಣ ಒಮ್ಮೆ ಗೋಧಿ ಚೀಲವನ್ನು ಮೇಲಿನಿಂದ ಎತ್ತಿಹಾಕಿದರೂ ಅದು ಶಾಶ್ವತವಾಗಿ ಬಾಗುವ ಸಂಭವವಿರುತ್ತದೆ. ಅನಂತರ ಯಂತ್ರವು ನಿಲ್ಲದೆ ಕೆಲಸ ಮಾಡುತ್ತಲೇ ಇರುತ್ತದೆ, ಆದರೆ ತಪ್ಪು ತೋರಿಸುತ್ತದೆ. ತಕ್ಕಡಿಯ ಕೊಕ್ಕೆ ಮುರಿದರೆ ಎಲ್ಲರಿಗೂ ಕಾಣುತ್ತಿತ್ತು. ಲೋಡ್ ಸೆಲ್‌ನ ದೋಷ ಹಾಗೆ ಕಾಣುವುದಿಲ್ಲ.

ಗಮನಿಸತಕ್ಕ ಇನ್ನೊಂದು ಅಂಶವಿದೆ. ಎರಡು ತಟ್ಟೆಗಳ ತಕ್ಕಡಿಯು ಸರಕನ್ನು ಬಟ್ಟಿನೊಂದಿಗೆ ಹೋಲಿಸುತ್ತಿದ್ದುದರಿಂದ ಅದು ಯಾವ ಊರಿನಲ್ಲಿಯಾದರೂ ಒಂದೇ ಫಲಿತಾಂಶವನ್ನು ಕೊಡುತ್ತಿತ್ತು. ಲೋಡ್ ಸೆಲ್ ಅಳೆಯುವುದು ಭೂಮಿಯ ಸೆಳೆತದಿಂದ ಉಂಟಾಗುವ ಒತ್ತಡವನ್ನು. ಈ ಸೆಳೆತವು ಸಮಭಾಜಕ ವೃತ್ತದಿಂದ ದೂರ ಹೋದಂತೆ ಹೆಚ್ಚುತ್ತದೆ, ಎತ್ತರದ ಪ್ರದೇಶಗಳಲ್ಲಿ ಕಡಿಮೆಯಾಗುತ್ತದೆ. ಸಮುದ್ರ ಮಟ್ಟದಿಂದ ಸುಮಾರು 900 ಮೀಟರ್ ಎತ್ತರದಲ್ಲಿರುವ ಬೆಂಗಳೂರಿನಲ್ಲಿ ಅದು ದೆಹಲಿಗಿಂತ ಕಡಿಮೆ. ಆದುದರಿಂದ ದೆಹಲಿಯಲ್ಲಿ ಹೊಂದಾಣಿಕೆ ಮಾಡಿದ ಯಂತ್ರವನ್ನು ಬೆಂಗಳೂರಿನಲ್ಲಿ ಹಾಗೆಯೇ ಬಳಸಿದಲ್ಲಿ ಪ್ರತಿ ಕಿಲೋಗ್ರಾಂಗೆ ಸುಮಾರು 1 ಗ್ರಾಂನಷ್ಟು ಕಡಿಮೆ ತೋರಿಸುತ್ತದೆ ಮತ್ತು ನಷ್ಟವು ವರ್ತಕನಿಗಾಗುತ್ತದೆ. ಬೆಂಗಳೂರಿನಿಂದ ಮಂಗಳೂರಿಗೆ ಒಯ್ದ ಯಂತ್ರದಲ್ಲಿ ವ್ಯತ್ಯಾಸವು 10 ಕಿಲೋಗ್ರಾಂಗೆ 3 ಗ್ರಾಂನಷ್ಟಿದ್ದು, ಅದು ಗ್ರಾಹಕನಿಗೆ ವಿರುದ್ಧವಾಗಿರುತ್ತದೆ. ಎರಡನೆಯದು ಅಲ್ಪವೇ ಆದರೂ, ಯಂತ್ರವನ್ನು ಅದು ಬಳಕೆಯಾಗುವ ಸ್ಥಳದಲ್ಲಿಯೇ ಪರಿಶೀಲಿಸಬೇಕೆನ್ನುವುದಕ್ಕೆ ಇದು ಒಂದು ಕಾರಣವಾಗಿದೆ.

ಫಲಕದ ಮೇಲಿನ ವಿವರಗಳು ಮತ್ತು ಯಂತ್ರದ ಆಯ್ಕೆ

ಪ್ರತಿಯೊಂದು ಯಂತ್ರದ ಮೇಲೂ ತಯಾರಕರ ಹೆಸರು, ಮಾದರಿ ಅನುಮೋದನೆಯ ಸಂಖ್ಯೆ, ಕ್ರಮಸಂಖ್ಯೆ, ನಿಖರತೆಯ ವರ್ಗ, ಗರಿಷ್ಠ ಸಾಮರ್ಥ್ಯ, ಕನಿಷ್ಠ ಸಾಮರ್ಥ್ಯ ಹಾಗೂ ‘ಇ’ ಅಕ್ಷರದಿಂದ ಸೂಚಿಸಲಾಗುವ ಸತ್ಯಾಪನಾ ಅಂತರ ಇವುಗಳನ್ನು ನಮೂದಿಸಿದ ಫಲಕವಿರತಕ್ಕದ್ದು. ಯಂತ್ರ ಕೊಳ್ಳುವಾಗ ಬೆಲೆಯನ್ನೂ ಪರದೆಯ ಹೊಳಪನ್ನೂ ನೋಡುವ ವರ್ತಕರು ಈ ಫಲಕವನ್ನು ಓದುವುದು ಅಪರೂಪ. ಆದರೆ ಯಾವ ಸರಕಿಗೆ ಯಾವ ಯಂತ್ರ ಎಂಬ ಪ್ರಶ್ನೆಗೆ ಉತ್ತರವು ಅಲ್ಲಿಯೇ ಇರುತ್ತದೆ.

ನಿಖರತೆಯ ದೃಷ್ಟಿಯಿಂದ ಯಂತ್ರಗಳನ್ನು ನಾಲ್ಕು ವರ್ಗಗಳಾಗಿ ವಿಂಗಡಿಸಲಾಗಿದೆ. ಚಿನ್ನ-ಬೆಳ್ಳಿಯಂತಹ ಅಮೂಲ್ಯ ಲೋಹಗಳಿಗೆ ಮೊದಲ ಎರಡು ವರ್ಗಗಳ ಯಂತ್ರಗಳೂ, ಆಹಾರ ಪದಾರ್ಥಗಳ ಚಿಲ್ಲರೆ ಮಾರಾಟಕ್ಕೆ ಸಾಮಾನ್ಯವಾಗಿ ಮೂರನೆಯ ವರ್ಗದ ಯಂತ್ರಗಳೂ ಬಳಕೆಯಲ್ಲಿವೆ. ಮೂರನೆಯ ವರ್ಗದಲ್ಲಿ ಕನಿಷ್ಠ ಸಾಮರ್ಥ್ಯವು ಸತ್ಯಾಪನಾ ಅಂತರದ 20 ಪಟ್ಟು ಇರುತ್ತದೆ. ಅಂದರೆ, 30 ಕಿಲೋಗ್ರಾಂ ಸಾಮರ್ಥ್ಯದ, 5 ಗ್ರಾಂ ಅಂತರದ ಯಂತ್ರವು 100 ಗ್ರಾಂಗಿಂತ ಕಡಿಮೆ ತೂಕಕ್ಕೆ ಉದ್ದೇಶಿಸಿದ್ದಲ್ಲ. ಅಕ್ಕಿ, ಬೆಲ್ಲ, ಈರುಳ್ಳಿಗಳಿಗೆ ಇಂತಹ ಯಂತ್ರವು ಸೂಕ್ತವೇ ಆಗಿದೆ. ಅದೇ ತಟ್ಟೆಯ ಮೇಲೆ 50 ಗ್ರಾಂ ಏಲಕ್ಕಿಯನ್ನು ತೂಗುವುದು ಯುಕ್ತವಲ್ಲ.

ಇದರ ಪರಿಣಾಮವನ್ನು ಲೆಕ್ಕದಲ್ಲಿ ನೋಡಬಹುದು. ಮೂರನೆಯ ವರ್ಗದ ಯಂತ್ರಕ್ಕೆ ಸತ್ಯಾಪನೆಯ ಕಾಲದಲ್ಲಿ, ಅಂತರದ 500 ಪಟ್ಟಿನವರೆಗಿನ ಭಾರಕ್ಕೆ ಅಂತರದ ಅರ್ಧದಷ್ಟು, ಅಲ್ಲಿಂದ 2000 ಪಟ್ಟಿನವರೆಗೆ ಒಂದರಷ್ಟು, ಅದಕ್ಕಿಂತ ಮೇಲ್ಪಟ್ಟು ಒಂದೂವರೆಯಷ್ಟು ದೋಷವನ್ನು ಹೆಚ್ಚು ಅಥವಾ ಕಡಿಮೆ ಅನುಮತಿಸಲಾಗಿದೆ. ಬಳಕೆಯಲ್ಲಿರುವಾಗ ತಪಾಸಣೆ ಮಾಡಿದಲ್ಲಿ ಈ ಮಿತಿಯು ಎರಡು ಪಟ್ಟಾಗುತ್ತದೆ. ಮೇಲೆ ಹೇಳಿದ 5 ಗ್ರಾಂ ಅಂತರದ ಯಂತ್ರವು ಬಳಕೆಯಲ್ಲಿ 2.5 ಕಿಲೋಗ್ರಾಂವರೆಗಿನ ಭಾರಕ್ಕೆ 5 ಗ್ರಾಂ ದೋಷವಿದ್ದರೂ ಮಿತಿಯೊಳಗೇ ಇರುತ್ತದೆ. 2 ಕಿಲೋಗ್ರಾಂ ಅಕ್ಕಿಯಲ್ಲಿ 5 ಗ್ರಾಂ ಗಣನೆಗೆ ಬಾರದು. 50 ಗ್ರಾಂ ಏಲಕ್ಕಿಯಲ್ಲಿ ಅದು ಹತ್ತರಲ್ಲೊಂದು ಪಾಲು. ಕಿಲೋಗ್ರಾಂಗೆ 3,000 ರೂಪಾಯಿ ದರವಿದ್ದಲ್ಲಿ 15 ರೂಪಾಯಿಯ ವ್ಯತ್ಯಾಸ. ಗೋಡಂಬಿ, ದ್ರಾಕ್ಷಿ, ಏಲಕ್ಕಿ, ಲವಂಗ, ಗಸಗಸೆ ಮುಂತಾದ ಬೆಲೆಬಾಳುವ ಪದಾರ್ಥಗಳನ್ನು ಮಾರುವ ಅಂಗಡಿಯವರು 1 ಗ್ರಾಂ ಅಥವಾ ಅದಕ್ಕೂ ಕಡಿಮೆ ಅಂತರದ ಸಣ್ಣ ಯಂತ್ರವೊಂದನ್ನು ಪ್ರತ್ಯೇಕವಾಗಿ ಇರಿಸಿಕೊಳ್ಳುವುದು ಒಳ್ಳೆಯದು. ಕಡಿಮೆ ಭಾರಕ್ಕೆ ಸಣ್ಣ ಅಂತರವನ್ನೂ ಹೆಚ್ಚು ಭಾರಕ್ಕೆ ದೊಡ್ಡ ಅಂತರವನ್ನೂ ತಾನಾಗಿಯೇ ಬಳಸುವ ಯಂತ್ರಗಳೂ ದೊರೆಯುತ್ತವೆ. ಇವುಗಳ ಫಲಕದಲ್ಲಿ ಎರಡು ಸಾಮರ್ಥ್ಯಗಳನ್ನೂ ಎರಡು ಅಂತರಗಳನ್ನೂ ನಮೂದಿಸಿರುತ್ತಾರೆ.

ಬೆಲೆ ಲೆಕ್ಕ ಹಾಕುವ ಯಂತ್ರದಲ್ಲಿ ತೂಕ, ಪ್ರತಿ ಕಿಲೋಗ್ರಾಂ ದರ ಹಾಗೂ ಕೊಡಬೇಕಾದ ಹಣ ಈ ಮೂರೂ ವರ್ತಕನಿಗೆ ಮಾತ್ರವಲ್ಲದೆ ಗ್ರಾಹಕನ ಕಡೆಯ ಪರದೆಯಲ್ಲಿಯೂ ಕಾಣುವಂತಿರತಕ್ಕದ್ದು. ಗ್ರಾಹಕನ ಕಡೆಯ ಪರದೆಗೆ ಅಡ್ಡವಾಗಿ ಚಾಕಲೇಟು ಡಬ್ಬಿಗಳನ್ನು ಜೋಡಿಸಿಡುವುದು ಅಂಗಡಿಗಳಲ್ಲಿ ಕಾಣುವ ಅಭ್ಯಾಸ. ದುರುದ್ದೇಶವಿಲ್ಲದಿದ್ದರೂ ಅದು ಸಂದೇಹಕ್ಕೆ ಎಡೆಮಾಡಿಕೊಡುತ್ತದೆ.

ಸತ್ಯಾಪನೆ ಮತ್ತು ಮುದ್ರೆ

ಹೊಸ ಯಂತ್ರವನ್ನು ವ್ಯಾಪಾರಕ್ಕೆ ಬಳಸುವ ಮುನ್ನ ಕಾನೂನು ಮಾಪನಶಾಸ್ತ್ರ ನಿರೀಕ್ಷಕರಿಂದ ಸತ್ಯಾಪನೆ ಮಾಡಿಸಿ ಮುದ್ರೆ ಹಾಕಿಸಿಕೊಳ್ಳತಕ್ಕದ್ದು. ತೂಕದ ಬಟ್ಟುಗಳು, ತಕ್ಕಡಿ ಹಾಗೂ ಅಳತೆಯ ಮಾಪಕಗಳಿಗೆ ಮರುಸತ್ಯಾಪನೆಯ ಅವಧಿಯು 24 ತಿಂಗಳುಗಳಾಗಿದ್ದರೆ, ವಿದ್ಯುನ್ಮಾನ ಯಂತ್ರಗಳಿಗೆ ಅದು 12 ತಿಂಗಳುಗಳಾಗಿರುತ್ತದೆ. ತಕ್ಕಡಿಯಿಂದ ಯಂತ್ರಕ್ಕೆ ಬದಲಾಯಿಸಿಕೊಂಡವರು ಹಳೆಯ ಎರಡು ವರ್ಷಗಳ ಲೆಕ್ಕವನ್ನೇ ಮನಸ್ಸಿನಲ್ಲಿಟ್ಟುಕೊಳ್ಳದಂತೆ ಎಚ್ಚರ ವಹಿಸಬೇಕು. ಮುದ್ರೆಯಲ್ಲಿ ವರ್ಷದ ಅಂಕಿಗಳೊಂದಿಗೆ ಆ ವರ್ಷದ ಯಾವ ತ್ರೈಮಾಸಿಕದಲ್ಲಿ ಸತ್ಯಾಪನೆ ನಡೆಯಿತೆಂಬುದನ್ನು ಎ, ಬಿ, ಸಿ, ಡಿ ಅಕ್ಷರಗಳಿಂದ ಸೂಚಿಸಲಾಗುತ್ತದೆ. ಸತ್ಯಾಪನಾ ಪ್ರಮಾಣಪತ್ರವನ್ನು ಅಂಗಡಿಯಲ್ಲಿ ಎಲ್ಲರಿಗೂ ಕಾಣುವ ಸ್ಥಳದಲ್ಲಿ ಪ್ರದರ್ಶಿಸತಕ್ಕದ್ದು.

ಮುದ್ರೆಯು ಕೇವಲ ಶುಲ್ಕ ಕಟ್ಟಿದ ಗುರುತಲ್ಲ. ಯಂತ್ರದ ಹೊಂದಾಣಿಕೆಯನ್ನು ಬದಲಾಯಿಸುವ ಒಳಭಾಗವನ್ನು ತಲುಪಲು ಸಾಧ್ಯವಾಗದಂತೆ ತಂತಿ ಹಾಗೂ ಸೀಸದ ಮೂಲಕ ಅದನ್ನು ಬಂಧಿಸಲಾಗಿರುತ್ತದೆ. ಆ ಭಾಗವನ್ನು ತಲುಪಬಲ್ಲವನು ಒಂದು ಕಿಲೋಗ್ರಾಂ ಬಟ್ಟನ್ನು 1,050 ಗ್ರಾಂ ಎಂದು ತೋರಿಸುವಂತೆ ಯಂತ್ರವನ್ನು ಹೊಂದಿಸಬಲ್ಲನು. ಅಂಗಡಿಯ ಎದುರು ನಿಂತವರಿಗೆ ಅದು ತಿಳಿಯುವ ಮಾರ್ಗವಿರುವುದಿಲ್ಲ. ಆದುದರಿಂದ ಮುದ್ರೆ ಒಡೆದಿರುವ ಯಂತ್ರವು ಸರಿಯಾಗಿಯೇ ತೂಗುತ್ತಿದ್ದರೂ ಅದನ್ನು ಬಳಸುವಂತಿಲ್ಲ. ದುರಸ್ತಿಯನ್ನು ಪರವಾನಗಿ ಹೊಂದಿದ ದುರಸ್ತಿಗಾರರಿಂದ ಮಾತ್ರ ಮಾಡಿಸಿ, ಮತ್ತೆ ಸತ್ಯಾಪನೆಗೆ ಒಳಪಡಿಸಿದ ನಂತರವೇ ವ್ಯಾಪಾರಕ್ಕೆ ಉಪಯೋಗಿಸತಕ್ಕದ್ದು. ಹಬ್ಬದ ಮುನ್ನಾದಿನ ಯಂತ್ರ ಕೆಟ್ಟಿತೆಂದು ಪರಿಚಿತರಿಂದ ಬಿಚ್ಚಿಸಿ ರಿಪೇರಿ ಮಾಡಿಸಿಕೊಂಡ ವರ್ತಕನು, ಗ್ರಾಹಕನಿಗೆ ಒಂದು ಗ್ರಾಂ ಮೋಸ ಮಾಡದಿದ್ದರೂ, ಕಾಯ್ದೆಯ ದೃಷ್ಟಿಯಲ್ಲಿ ಸತ್ಯಾಪನೆಯಿಲ್ಲದ ಯಂತ್ರವನ್ನು ಬಳಸಿದಂತಾಗುತ್ತದೆ.

ಯಂತ್ರವನ್ನು ಇರಿಸುವ ಬಗೆ

ಯಂತ್ರವನ್ನು ಅಲುಗಾಡದ, ಸಮತಟ್ಟಾದ ಮೇಜಿನ ಮೇಲೆ ಇರಿಸಿ, ಗಾಳಿಗುಳ್ಳೆಯು ವೃತ್ತದ ಮಧ್ಯದಲ್ಲಿ ನಿಲ್ಲುವಂತೆ ಕಾಲುಗಳನ್ನು ತಿರುಗಿಸಿ ಸರಿಪಡಿಸಬೇಕು. ತಲೆಯ ಮೇಲಿನ ಫ್ಯಾನಿನ ಗಾಳಿಯು ಅಗಲವಾದ ತಟ್ಟೆಯ ಮೇಲೆ ಬಿದ್ದಾಗ ಅಂಕಿಗಳು ಏರಿಳಿಯುತ್ತಿರುತ್ತವೆ. ತಟ್ಟೆಯು ಗೋಡೆಗಾಗಲಿ ಪಕ್ಕದ ಡಬ್ಬಿಗಾಗಲಿ ತಾಗಿಕೊಂಡಿದ್ದರೆ ಭಾರದ ಒಂದಂಶವು ಅದರ ಮೇಲೆ ಹೋಗಿ ತೂಕ ಕಡಿಮೆ ತೋರಿಸುತ್ತದೆ. ಹಿಟ್ಟು, ಸಕ್ಕರೆ ಮಾರುವ ಅಂಗಡಿಗಳಲ್ಲಿ ತಟ್ಟೆಯ ಕೆಳಗೆ ಪುಡಿ ಸೇರಿ ಗಟ್ಟಿಯಾಗುವುದು, ಇರುವೆ-ಜಿರಳೆಗಳು ಒಳಗೆ ನೆಲೆಸುವುದು ಸಾಮಾನ್ಯ. ವಾರಕ್ಕೊಮ್ಮೆ ತಟ್ಟೆಯನ್ನು ತೆಗೆದು ಒಣ ಬಟ್ಟೆಯಿಂದ ಸ್ವಚ್ಛಗೊಳಿಸುವುದು ತೂಕಕ್ಕೂ ಆಹಾರದ ಶುಚಿತ್ವಕ್ಕೂ ಹಿತಕರ. ಮೀನು, ಮಾಂಸದ ಅಂಗಡಿಗಳಲ್ಲಿ ನೀರು ಒಳನುಗ್ಗದಂತೆ ರಚಿಸಿದ ತುಕ್ಕುರಹಿತ ಉಕ್ಕಿನ ಯಂತ್ರಗಳನ್ನೇ ಬಳಸುವುದು ಉಚಿತ.

ಬೆಳಿಗ್ಗೆ ಅಂಗಡಿ ತೆರೆದಾಗ ಯಂತ್ರವನ್ನು ಚಾಲನೆ ಮಾಡಿ ಕೆಲವು ನಿಮಿಷ ಬಿಟ್ಟು, ಮುದ್ರೆಯಿರುವ ಬಟ್ಟೊಂದನ್ನು ತಟ್ಟೆಯ ನಡುವೆಯೂ ಅನಂತರ ನಾಲ್ಕು ಮೂಲೆಗಳಲ್ಲಿಯೂ ಇಟ್ಟು ನೋಡುವುದು ಒಳ್ಳೆಯ ರೂಢಿ. ಮೂಲೆಯಿಂದ ಮೂಲೆಗೆ ತೂಕ ಬದಲಾದರೆ ಲೋಡ್ ಸೆಲ್‌ಗೆ ಪೆಟ್ಟು ಬಿದ್ದಿರುವ ಸಾಧ್ಯತೆಯಿದ್ದು, ದುರಸ್ತಿಗಾರರನ್ನು ಕರೆಸತಕ್ಕದ್ದು.

ನಿವ್ವಳ ತೂಕ ಮತ್ತು ಡಬ್ಬಿಯ ತೂಕ

ವಿದ್ಯುನ್ಮಾನ ಯಂತ್ರಗಳ ಬಳಕೆಯಲ್ಲಿ ಅತಿ ಹೆಚ್ಚು ತಕರಾರುಗಳಿಗೆ ಕಾರಣವಾಗುವ ವಿಷಯವೆಂದರೆ ಯಂತ್ರದ ದೋಷವಲ್ಲ, ಡಬ್ಬಿಯ ತೂಕ. ಗ್ರಾಹಕನು ಹಣ ಕೊಡುವುದು ಪದಾರ್ಥಕ್ಕೆ. ಆದುದರಿಂದ ಡಬ್ಬಿ, ತಟ್ಟೆ, ಚೀಲ, ಹಾಳೆ ಇವುಗಳ ತೂಕವನ್ನು ಕಳೆದು ಉಳಿಯುವ ನಿವ್ವಳ ತೂಕಕ್ಕೆ ಮಾತ್ರ ದರವನ್ನು ಅನ್ವಯಿಸತಕ್ಕದ್ದು.

ಉದಾಹರಣೆಗೆ, ಕಿಲೋಗ್ರಾಂಗೆ 800 ರೂಪಾಯಿ ದರದ ಮೈಸೂರು ಪಾಕನ್ನು ರಟ್ಟಿನ ಡಬ್ಬಿಯಲ್ಲಿ ತುಂಬಿ ತೂಗಲಾಗುತ್ತಿದೆ ಎಂದೂ ಖಾಲಿ ಡಬ್ಬಿಯ ತೂಕ 60 ಗ್ರಾಂ ಎಂದೂ ಭಾವಿಸೋಣ. ಡಬ್ಬಿಯ ತೂಕವನ್ನು ಕಳೆಯದಿದ್ದಲ್ಲಿ ಒಂದು ಕಿಲೋಗ್ರಾಂ ಕೇಳಿದ ಗ್ರಾಹಕನಿಗೆ ದೊರೆಯುವುದು 940 ಗ್ರಾಂ ಸಿಹಿ. ರಟ್ಟಿಗೆ ಅವನು ತೆತ್ತದ್ದು 48 ರೂಪಾಯಿ. ದಿನಕ್ಕೆ 50 ಡಬ್ಬಿಗಳು ಮಾರಾಟವಾದರೆ ಗ್ರಾಹಕರಿಗೆ ತಲುಪದ ಸಿಹಿಯು 3 ಕಿಲೋಗ್ರಾಂ, ಅದರ ಬೆಲೆ 2,400 ರೂಪಾಯಿ. ದೀಪಾವಳಿಯ ವಾರದಲ್ಲಿ ಭಾರವಾದ ಅಲಂಕಾರಿಕ ಡಬ್ಬಿಗಳು ಬಳಕೆಗೆ ಬರುವುದರಿಂದ ಈ ಮೊತ್ತವು ಇನ್ನೂ ಹೆಚ್ಚಬಹುದು. “ಮೊದಲಿನಿಂದಲೂ ಡಬ್ಬಿ ಸಮೇತ ತೂಗುವುದೇ ಪದ್ಧತಿ” ಎಂಬ ಸಮಜಾಯಿಷಿಗೆ ಕಾಯ್ದೆಯಲ್ಲಿ ಆಸ್ಪದವಿಲ್ಲ: ನಿಗದಿಯಾದುದಕ್ಕಿಂತ ಬೇರೆ ಪ್ರಮಾಣವನ್ನು ಕೊಡುವ ಅಥವಾ ಪಡೆಯುವ ಯಾವುದೇ ರೂಢಿ, ಸಂಪ್ರದಾಯಗಳು ಅನೂರ್ಜಿತವೆಂದು ಅದು ಸ್ಪಷ್ಟಪಡಿಸಿದೆ. ಡಬ್ಬಿಗೆ ಹಣ ಪಡೆಯಲೇಬೇಕೆಂದಿದ್ದಲ್ಲಿ ಅದನ್ನು ಗ್ರಾಹಕನಿಗೆ ಮೊದಲೇ ತಿಳಿಸಿ ಬಿಲ್ಲಿನಲ್ಲಿ ಪ್ರತ್ಯೇಕವಾಗಿ ತೋರಿಸಬೇಕೇ ಹೊರತು ಸಿಹಿಯ ದರದಲ್ಲಿ ತೂಗಿ ಪಡೆಯುವಂತಿಲ್ಲ.

ಇದಕ್ಕಾಗಿ ಯಂತ್ರದಲ್ಲಿ ಟೇರ್ ಎಂಬ ಕೀಲಿಯಿರುತ್ತದೆ. ಖಾಲಿ ಡಬ್ಬಿಯನ್ನು ತಟ್ಟೆಯ ಮೇಲಿಟ್ಟು ಈ ಕೀಲಿಯನ್ನು ಒತ್ತಿದಾಗ ಪರದೆಯು ಸೊನ್ನೆಗೆ ಬರುತ್ತದೆ ಮತ್ತು ‘ನೆಟ್’ ಎಂಬ ಗುರುತು ಮೂಡುತ್ತದೆ. ಅನಂತರ ತುಂಬಿದ ಪದಾರ್ಥದ ತೂಕವಷ್ಟೇ ಕಾಣುತ್ತದೆ. ಡಬ್ಬಿಯನ್ನು ತೆಗೆದ ಕೂಡಲೇ ಅದರ ತೂಕವು ಋಣ ಚಿಹ್ನೆಯೊಂದಿಗೆ ಕಾಣಿಸಿಕೊಳ್ಳುತ್ತದೆ. ಈ ಸ್ಥಿತಿಯಲ್ಲಿ ಡಬ್ಬಿಯಿಲ್ಲದ ಪದಾರ್ಥವನ್ನು ನೇರವಾಗಿ ತಟ್ಟೆಯ ಮೇಲಿಟ್ಟರೆ ತೂಕ ಕಡಿಮೆ ಬಂದು ವರ್ತಕನಿಗೇ ನಷ್ಟವಾಗುತ್ತದೆ. ಶೂನ್ಯ ಕೀಲಿಯು ಬೇರೆಯೇ ಆಗಿದ್ದು, ಖಾಲಿ ತಟ್ಟೆಯನ್ನು ಸೊನ್ನೆಗೆ ತರಲು ಮಾತ್ರ ಅದನ್ನು ಉಪಯೋಗಿಸಬೇಕು. ಡಬ್ಬಿಯನ್ನು ಕಳೆಯಲು ಶೂನ್ಯ ಕೀಲಿಯನ್ನು ಒತ್ತುವ ನೌಕರರಿದ್ದಾರೆ. ಆಗ ‘ನೆಟ್’ ಗುರುತು ಮೂಡದ ಕಾರಣ ಡಬ್ಬಿಯ ತೂಕವನ್ನು ಕಳೆಯಲಾಗಿದೆಯೋ ಇಲ್ಲವೋ ಎಂಬುದು ಗ್ರಾಹಕನಿಗೆ ತಿಳಿಯುವುದಿಲ್ಲ.

ಲೇಬಲ್ ಮುದ್ರಿಸುವ ಯಂತ್ರಗಳಲ್ಲಿ ಪ್ರತಿಯೊಂದು ಸರಕಿಗೂ ಪಿ.ಎಲ್.ಯು. ಎಂದು ಕರೆಯಲಾಗುವ ಸಂಖ್ಯೆಯನ್ನು ನೀಡಿ, ಅದರ ಹೆಸರು, ದರ ಹಾಗೂ ಡಬ್ಬಿಯ ತೂಕವನ್ನು ನೆನಪಿನಲ್ಲಿ ದಾಖಲಿಸಿಡಬಹುದು. ಆಗ ಪ್ರತಿ ಬಾರಿಯೂ ಟೇರ್ ಕೀಲಿ ಒತ್ತುವ ಅವಶ್ಯಕತೆಯಿರುವುದಿಲ್ಲ. ಅನುಕೂಲದೊಂದಿಗೆ ಅಪಾಯವೂ ಇದೆ. ತೆಳುವಾದ ಪ್ಲಾಸ್ಟಿಕ್ ಡಬ್ಬಿಗೆ 12 ಗ್ರಾಂ ಎಂದು ದಾಖಲಿಸಿದ್ದು, ಮುಂದಿನ ಸರಬರಾಜಿನಲ್ಲಿ 20 ಗ್ರಾಂನ ಡಬ್ಬಿ ಬಂದರೆ ಅಲ್ಲಿಂದ ಮುಂದೆ ಪ್ರತಿ ಪೊಟ್ಟಣದಲ್ಲಿಯೂ 8 ಗ್ರಾಂ ಕಡಿಮೆಯಾಗುತ್ತದೆ. ಯಾರ ಕೈಯ ತಪ್ಪೂ ಅಲ್ಲದ ಈ ತಪ್ಪು, ಯಂತ್ರವು ನಿಷ್ಠೆಯಿಂದ ಪುನರಾವರ್ತಿಸುವುದರಿಂದಲೇ ದೊಡ್ಡದಾಗುತ್ತದೆ. ಹೊಸ ಡಬ್ಬಿಗಳು ಬಂದಾಗಲೆಲ್ಲ ಹತ್ತನ್ನು ಒಟ್ಟಿಗೆ ತೂಗಿ ಸರಾಸರಿ ತೆಗೆದು ದಾಖಲೆಯನ್ನು ತಿದ್ದುವುದು ಸೂಕ್ತ.

ಮೀನಿನೊಂದಿಗೆ ಮಂಜುಗಡ್ಡೆಯನ್ನಾಗಲಿ, ಪನೀರಿನೊಂದಿಗೆ ನೀರನ್ನಾಗಲಿ ತೂಗುವುದು ಡಬ್ಬಿಯನ್ನು ತೂಗಿದಂತೆಯೇ. ಕೋಳಿ ಅಂಗಡಿಗಳಲ್ಲಿ ಜೀವಂತ ಹಕ್ಕಿಯ ತೂಕಕ್ಕೆ ಒಂದು ದರವೂ ಶುಚಿಗೊಳಿಸಿದ ಮಾಂಸಕ್ಕೆ ಇನ್ನೊಂದು ದರವೂ ಇರುವ ಕಾರಣ, ಯಾವುದನ್ನು ತೂಗಿ ಯಾವ ದರ ಹಾಕಲಾಗಿದೆ ಎಂಬುದು ದರಪಟ್ಟಿಯಲ್ಲಿಯೂ ಚೀಟಿಯಲ್ಲಿಯೂ ಸ್ಪಷ್ಟವಾಗಿರಬೇಕು.

ಮುದ್ರಿತ ಲೇಬಲ್ ಮತ್ತು ಬಾರ್‌ಕೋಡ್

ಯಂತ್ರವು ಮುದ್ರಿಸುವ ಲೇಬಲ್‌ನಲ್ಲಿ ಸಾಮಾನ್ಯವಾಗಿ ಸರಕಿನ ಹೆಸರು, ನಿವ್ವಳ ತೂಕ, ಪ್ರತಿ ಕಿಲೋಗ್ರಾಂ ದರ, ಒಟ್ಟು ಬೆಲೆ ಮತ್ತು ದಿನಾಂಕ ಇರುತ್ತವೆ. ಕಿಲೋಗ್ರಾಂಗೆ 480 ರೂಪಾಯಿಯ ಕೋಡುಬಳೆ 365 ಗ್ರಾಂ ಬಂದಿದ್ದರೆ ಬೆಲೆ 175 ರೂಪಾಯಿ 20 ಪೈಸೆ. ಈ ಗುಣಾಕಾರವನ್ನು ಯಂತ್ರವು ತಪ್ಪುವುದಿಲ್ಲ. ತಪ್ಪಾಗುವುದು ದರದಲ್ಲಿ: ಹಲಗೆಯ ಮೇಲೆ ಹಳೆಯ ದರ, ಯಂತ್ರದ ನೆನಪಿನಲ್ಲಿ ಹೊಸ ದರ, ಅಥವಾ ಸೋನಾ ಮಸೂರಿಯ ಸಂಖ್ಯೆಯ ಬದಲು ಬಾಸುಮತಿಯ ಸಂಖ್ಯೆಯನ್ನು ಒತ್ತಿರುವುದು. ದರ ಬದಲಾದ ದಿನ ಹಲಗೆ, ಯಂತ್ರ ಹಾಗೂ ಬಿಲ್ಲಿನ ಗಣಕಯಂತ್ರ ಮೂರನ್ನೂ ಒಟ್ಟಿಗೆ ತಿದ್ದಬೇಕು.

ತೂಕದ ಪೊಟ್ಟಣಗಳ ಬಾರ್‌ಕೋಡ್ ಕಂಪನಿಯ ಪೊಟ್ಟಣಗಳ ಬಾರ್‌ಕೋಡ್‌ಗಿಂತ ಭಿನ್ನವಾದುದು. 13 ಅಂಕಿಗಳ ಈ ಸಂಕೇತವು 2ರಿಂದ ಆರಂಭವಾದರೆ ಅದು ಆ ಮಳಿಗೆಯ ಒಳಬಳಕೆಗೆ ಮೀಸಲಾದುದೆಂದು ತಿಳಿಯಬೇಕು. ಮೊದಲ ಎರಡು ಅಂಕಿಗಳ ನಂತರ ಸರಕಿನ ಸಂಖ್ಯೆಗೆ ಐದು, ಬೆಲೆ ಅಥವಾ ತೂಕಕ್ಕೆ ಐದು, ಕೊನೆಗೆ ತಾಳೆ ನೋಡುವ ಒಂದು ಅಂಕಿ ಎಂಬುದು ಸಾಮಾನ್ಯ ರಚನೆ. ಮೇಲಿನ ಕೋಡುಬಳೆಯ ಸರಕಿನ ಸಂಖ್ಯೆ 42 ಆಗಿದ್ದು ಬೆಲೆಯನ್ನು ಪೈಸೆಗಳಲ್ಲಿ ಬರೆದರೆ ಸಂಕೇತವು 2100042175204 ಎಂದಾಗುತ್ತದೆ. ಕೊನೆಯ 4 ತಾಳೆಯ ಅಂಕಿ. ಹಿಂದಿನ ಹನ್ನೆರಡರಲ್ಲಿ ಬೆಸ ಸ್ಥಾನಗಳ ಮೊತ್ತ 13, ಸಮ ಸ್ಥಾನಗಳ ಮೊತ್ತ 11ರ ಮೂರು ಪಟ್ಟು 33, ಎರಡೂ ಸೇರಿ 46. ಮುಂದಿನ ಹತ್ತರ ಗುಣಕವಾದ 50ಕ್ಕೆ ಕೊರತೆ 4. ಚೀಟಿ ಮಸುಕಾಗಿ ಒಂದು ಅಂಕಿಯನ್ನು ತಪ್ಪಾಗಿ ಓದಿದರೆ ಈ ಲೆಕ್ಕ ತಾಳೆಯಾಗದೆ ಗಣಕಯಂತ್ರವು ನಿರಾಕರಿಸುತ್ತದೆ. ಐದು ಅಂಕಿಗಳಲ್ಲಿ 999 ರೂಪಾಯಿ 99 ಪೈಸೆಗಿಂತ ಹೆಚ್ಚಿನ ಬೆಲೆ ಹಿಡಿಸುವುದಿಲ್ಲವಾದ್ದರಿಂದ ಒಣಹಣ್ಣು, ತುಪ್ಪದ ಸಿಹಿ ಮುಂತಾದವುಗಳಿಗೆ ಬೆಲೆಯ ಬದಲು ತೂಕವನ್ನು ಸಂಕೇತದಲ್ಲಿ ಇರಿಸುವುದು ಉಪಯುಕ್ತ. ಹಾಗೆ ಮಾಡಿದಲ್ಲಿ ಬೆಲೆಯನ್ನು ಬಿಲ್ಲಿನ ಗಣಕಯಂತ್ರವು ಲೆಕ್ಕ ಹಾಕುವುದರಿಂದ, ಎರಡು ಕಡೆಯ ದರಗಳು ಒಂದೇ ಆಗಿರದಿದ್ದರೆ ಚೀಟಿಯ ಬೆಲೆಯೇ ಬೇರೆ, ಬಿಲ್ಲಿನ ಬೆಲೆಯೇ ಬೇರೆ ಆಗುತ್ತದೆ.

ಲೇಬಲ್‌ಗಳನ್ನು ಬಹುತೇಕ ಶಾಖಕ್ಕೆ ಕಪ್ಪಾಗುವ ಕಾಗದದ ಮೇಲೆ ಮುದ್ರಿಸಲಾಗುತ್ತದೆ. ಎಣ್ಣೆ, ಬಿಸಿಲು, ಶಾಖಗಳಿಂದ ಬರಹವು ಅಳಿಸಿಹೋಗುವುದರಿಂದ ಸುರುಳಿಗಳನ್ನು ಒಲೆಯಿಂದ ದೂರ, ತಂಪಾದ ಸ್ಥಳದಲ್ಲಿ ಇಡತಕ್ಕದ್ದು.

ಗ್ರಾಹಕನ ಎದುರಿನ ತೂಕ ಮತ್ತು ಮೊದಲೇ ಕಟ್ಟಿದ ಪೊಟ್ಟಣ

ಒಂದೇ ಯಂತ್ರ, ಒಂದೇ ಲೇಬಲ್ ಆದರೂ ಕಾಯ್ದೆಯು ಎರಡು ಸಂದರ್ಭಗಳನ್ನು ಬೇರೆ ಬೇರೆಯಾಗಿ ಪರಿಗಣಿಸುತ್ತದೆ. ಗ್ರಾಹಕನು ಕೇಳಿದಷ್ಟು ಬೇಳೆಯನ್ನು ಅವನ ಸಮಕ್ಷಮದಲ್ಲಿ ತೂಗಿ ಚೀಲಕ್ಕೆ ಚೀಟಿ ಅಂಟಿಸಿದರೆ ಅದು ಬಿಡಿ ಮಾರಾಟ. ಅದೇ ಬೇಳೆಯನ್ನು ಬೆಳಿಗ್ಗೆಯೇ ಅರ್ಧ ಕಿಲೋಗ್ರಾಂ ಪೊಟ್ಟಣಗಳಾಗಿ ಕಟ್ಟಿ ಕಪಾಟಿನಲ್ಲಿ ಇರಿಸಿದರೆ ಅದು ಪೂರ್ವ ಪೊಟ್ಟಣ ಸಾಮಗ್ರಿ ಎನಿಸುತ್ತದೆ. ಖರೀದಿದಾರನ ಗೈರುಹಾಜರಿಯಲ್ಲಿ, ಮೊದಲೇ ನಿರ್ಧರಿಸಿದ ಪ್ರಮಾಣದಲ್ಲಿ ಕಟ್ಟಿರುವುದು ಎಂಬುದೇ ಇಲ್ಲಿ ಮುಖ್ಯ. ಪೊಟ್ಟಣದ ಬಾಯಿಗೆ ಮುದ್ರೆ ಹಾಕಿದೆಯೋ ಇಲ್ಲವೋ ಎಂಬುದು ಮುಖ್ಯವಲ್ಲ. ನೌಕರರ ಬಿಡುವಿನ ವೇಳೆಯಲ್ಲಿ ಸಾಮಾನು ಕಟ್ಟಿಡುವ ಸಣ್ಣ ದಿನಸಿ ಅಂಗಡಿಯವನೂ ಆ ಕ್ಷಣದಿಂದ ಪೊಟ್ಟಣ ಕಟ್ಟುವವನ ಹೊಣೆಗೆ ಒಳಪಡುತ್ತಾನೆ. ತೆರಿಗೆಯಲ್ಲಿಯೂ ಈ ವ್ಯತ್ಯಾಸಕ್ಕೆ ಮಹತ್ವ ಬಂದಿದೆ: ಅಕ್ಕಿ, ಬೇಳೆ, ಹಿಟ್ಟುಗಳ 25 ಕಿಲೋಗ್ರಾಂವರೆಗಿನ ಪೂರ್ವ ಪೊಟ್ಟಣಗಳಿಗೆ 2022ರ ಜುಲೈ 18ರಿಂದ ಸರಕು ಮತ್ತು ಸೇವಾ ತೆರಿಗೆಯನ್ನು ವಿಧಿಸಿದಾಗ, ಬಿಡಿಯಾಗಿ ತೂಗಿ ಕೊಡುವ ಅದೇ ಪದಾರ್ಥಗಳನ್ನು ಹೊರತುಪಡಿಸಲಾಯಿತು.

ಪೂರ್ವ ಪೊಟ್ಟಣದ ಮೇಲೆ ಕಟ್ಟಿದವರ ಹೆಸರು ಹಾಗೂ ವಿಳಾಸ, ಸರಕಿನ ಸಾಮಾನ್ಯ ಹೆಸರು, ನಿವ್ವಳ ಪ್ರಮಾಣ, ಎಲ್ಲ ತೆರಿಗೆಗಳೂ ಸೇರಿದ ಗರಿಷ್ಠ ಚಿಲ್ಲರೆ ಬೆಲೆ ಮತ್ತು ದೂರು ನೀಡಲು ಸಂಪರ್ಕಿಸಬೇಕಾದವರ ವಿವರಗಳಿರತಕ್ಕದ್ದು. 2021ರ ತಿದ್ದುಪಡಿಯ ಮೂಲಕ ಏಕಮಾನ ಮಾರಾಟ ಬೆಲೆಯನ್ನೂ ಸೇರಿಸಲಾಗಿದ್ದು, ಒಂದು ಕಿಲೋಗ್ರಾಂಗಿಂತ ಕಡಿಮೆಯ ಪೊಟ್ಟಣಕ್ಕೆ ಪ್ರತಿ ಗ್ರಾಂ ಲೆಕ್ಕದಲ್ಲಿ, ಹೆಚ್ಚಿನದಕ್ಕೆ ಪ್ರತಿ ಕಿಲೋಗ್ರಾಂ ಲೆಕ್ಕದಲ್ಲಿ ಅದನ್ನು ಬರೆಯಬೇಕು. ಮೇಲಿನ ಕೋಡುಬಳೆ ಪೂರ್ವ ಪೊಟ್ಟಣವಾಗಿದ್ದಲ್ಲಿ ಗ್ರಾಂಗೆ 0.48 ರೂಪಾಯಿ ಎಂದು ಬರೆಯಬೇಕಾಗುತ್ತದೆ. ತೂಕವನ್ನೂ 0.365 ಕಿಲೋಗ್ರಾಂ ಎಂದಲ್ಲದೆ 365 ಗ್ರಾಂ ಎಂದು ಮುದ್ರಿಸತಕ್ಕದ್ದು. ಯಂತ್ರದ ಮೂಲ ವಿನ್ಯಾಸವು ಕಿಲೋಗ್ರಾಂನಲ್ಲಿಯೇ ಮುದ್ರಿಸುವಂತಿದ್ದರೆ ಅದನ್ನು ಸರಬರಾಜುದಾರರಿಂದ ಬದಲಾಯಿಸಿಕೊಳ್ಳಬೇಕು. 10 ಗ್ರಾಂ ಅಥವಾ ಅದಕ್ಕಿಂತ ಕಡಿಮೆಯ ಪೊಟ್ಟಣಗಳಿಗೆ ವಿನಾಯಿತಿಯಿದೆ.

ಈ ಘೋಷಣೆಗಳು ದೇವನಾಗರಿ ಲಿಪಿಯ ಹಿಂದಿಯಲ್ಲಿ ಅಥವಾ ಇಂಗ್ಲಿಷಿನಲ್ಲಿ ಇರತಕ್ಕದ್ದೆಂದು ನಿಯಮವಿದ್ದು, ಜೊತೆಗೆ ಇತರ ಭಾಷೆಯನ್ನೂ ಬಳಸಲು ಅಡ್ಡಿಯಿಲ್ಲ. ಆದುದರಿಂದ ಕನ್ನಡದಲ್ಲಿ ಮಾತ್ರ ಮುದ್ರಿಸಿದರೆ ನಿಯಮ ಪಾಲನೆಯಾಗುವುದಿಲ್ಲ. ಆದರೆ ಕನ್ನಡವನ್ನು ಬಿಟ್ಟರೆ ಅದನ್ನು ಮಾತ್ರ ಓದಬಲ್ಲ ಗ್ರಾಹಕರಿಗೆ ಚೀಟಿಯಿಂದ ಆಗುವ ಪ್ರಯೋಜನ ಅಲ್ಪ. ಯಂತ್ರ ಕೊಳ್ಳುವಾಗಲೇ ಕನ್ನಡ ಅಕ್ಷರಗಳನ್ನು ಮುದ್ರಿಸಬಲ್ಲದೇ ಎಂದು ವಿಚಾರಿಸಿಕೊಳ್ಳುವುದು ಉತ್ತಮ.

ಕಂಪನಿಯ ಪೊಟ್ಟಣದ ಮೇಲಿನ ಬೆಲೆ ಅಥವಾ ಪ್ರಮಾಣವನ್ನು ಮರೆಮಾಚುವಂತೆ ಅಂಗಡಿಯ ಲೇಬಲ್ ಅಂಟಿಸುವುದನ್ನು ನಿಷೇಧಿಸಲಾಗಿದೆ. ಕಡಿಮೆ ಬೆಲೆಯ ಚೀಟಿಯನ್ನು ಮೂಲ ಬೆಲೆ ಮುಚ್ಚಿಹೋಗದಂತೆ ಅಂಟಿಸಬಹುದು.

ಆಹಾರ ಸುರಕ್ಷತೆಯ ವಿವರಗಳು ಹಾಗೂ ದಿನಾಂಕ

ತೂಕ-ಬೆಲೆಗಳಲ್ಲದೆ, ಆಹಾರದ ಪೂರ್ವ ಪೊಟ್ಟಣಗಳಿಗೆ ಆಹಾರ ಸುರಕ್ಷತೆ ಮತ್ತು ಗುಣಮಟ್ಟ ಪ್ರಾಧಿಕಾರದ 2020ರ ಲೇಬಲ್ ವಿನಿಯಮಗಳೂ ಅನ್ವಯಿಸುತ್ತವೆ. ಪರವಾನಗಿ ಸಂಖ್ಯೆ, ಒಳಪದಾರ್ಥಗಳ ಪಟ್ಟಿ, ಕಡಲೆಕಾಯಿ, ಹಾಲು, ಗೋಧಿಗಳಂತಹ ಅಲರ್ಜಿಕಾರಕಗಳ ಸೂಚನೆ, ಸಸ್ಯಾಹಾರಕ್ಕೆ ಹಸಿರು ಚೌಕದೊಳಗಿನ ಹಸಿರು ವೃತ್ತ, ಮಾಂಸಾಹಾರಕ್ಕೆ ಕಂದು ಚೌಕದೊಳಗಿನ ಕಂದು ತ್ರಿಕೋನ, ತಯಾರಿಸಿದ ಅಥವಾ ಕಟ್ಟಿದ ದಿನಾಂಕ ಹಾಗೂ ಬಳಕೆಯ ಅಂತಿಮ ದಿನಾಂಕ ಇವುಗಳಲ್ಲಿ ಮುಖ್ಯವಾದವು. ಕಪ್ಪು ಬಣ್ಣವನ್ನು ಮಾತ್ರ ಮುದ್ರಿಸುವ ಯಂತ್ರಗಳಲ್ಲಿ ಬಣ್ಣದ ಚಿಹ್ನೆಯನ್ನು ಮೊದಲೇ ಅಚ್ಚು ಮಾಡಿದ ಸುರುಳಿಗಳನ್ನು ಉಪಯೋಗಿಸಬೇಕಾಗುತ್ತದೆ. ಸಸ್ಯಾಹಾರದ ಸುರುಳಿಯನ್ನು ಬದಲಾಯಿಸದೆ ಮೊಟ್ಟೆಯ ಕೇಕಿಗೆ ಚೀಟಿ ಮುದ್ರಿಸುವುದು ಬೇಕರಿಗಳಲ್ಲಿ ಸಂಭವಿಸಬಹುದಾದ ಗಂಭೀರ ಪ್ರಮಾದ.

ದಿನಾಂಕವನ್ನು ಯಂತ್ರವು ತನ್ನೊಳಗಿನ ಗಡಿಯಾರದಿಂದ ಪಡೆಯುತ್ತದೆ. ಗಡಿಯಾರಕ್ಕೆ ಒಂದು ಸಣ್ಣ ಬ್ಯಾಟರಿಯಿದ್ದು, ಅದು ಸತ್ತ ನಂತರ ವಿದ್ಯುತ್ ಹೋಗಿ ಬಂದಾಗ ದಿನಾಂಕವು ಹಿಂದಿನ ಯಾವುದೋ ವರ್ಷಕ್ಕೆ ಮರಳಬಹುದು. ಅಂತಿಮ ದಿನಾಂಕವನ್ನು ಅದೇ ಗಡಿಯಾರದಿಂದ ಲೆಕ್ಕ ಹಾಕುವುದರಿಂದ ಅದೂ ತಪ್ಪುತ್ತದೆ. ವರ್ಷವೇ ಬದಲಾದರೆ ಯಾರಾದರೂ ಗಮನಿಸುತ್ತಾರೆ. ಎರಡು ದಿನ ಮುಂದೆ ಓಡಿದ ಗಡಿಯಾರವನ್ನು ಯಾರೂ ಗಮನಿಸುವುದಿಲ್ಲ, ಮತ್ತು ಹಾಲಿನ ಸಿಹಿಗೆ ಎರಡು ದಿನ ಬಹಳ ದೊಡ್ಡ ಅವಧಿ. ದಿನದ ಮೊದಲ ಚೀಟಿಯನ್ನು ಮುದ್ರಿಸಿ ದಿನಾಂಕ ನೋಡಿದ ನಂತರವೇ ಕೆಲಸ ಆರಂಭಿಸುವುದು ಇದಕ್ಕೆ ಪರಿಹಾರ. ಪ್ರತಿಯೊಂದು ಸರಕಿಗೂ ಎಷ್ಟು ದಿನಗಳ ಬಾಳಿಕೆ ಎಂಬುದನ್ನು ಅದರ ಸಂಖ್ಯೆಯೊಂದಿಗೆ ಪ್ರತ್ಯೇಕವಾಗಿ ದಾಖಲಿಸಬೇಕು. ಎಲ್ಲಕ್ಕೂ ಒಂದೇ ಅವಧಿ ಹಾಕಿದರೆ ಚಕ್ಕುಲಿಗೂ ರಸಮಲೈಗೂ ಒಂದೇ ಆಯುಸ್ಸು ಎಂದಾಗುತ್ತದೆ.

ನಿನ್ನೆ ಉಳಿದ ಪೊಟ್ಟಣವನ್ನು ಮತ್ತೆ ಯಂತ್ರದ ಮೇಲಿಟ್ಟು ಇಂದಿನ ದಿನಾಂಕದ ಚೀಟಿ ಅಂಟಿಸುವುದು ಯಾವ ಕಾರಣಕ್ಕೂ ಸಲ್ಲದು. ಗುಂಡಿ ಒತ್ತಿದರೆ ಸಾಕು ಎನ್ನುವಷ್ಟು ಸುಲಭವಾಗಿರುವುದೇ ಇದರ ಅಪಾಯ. ಅಂತಹ ಪೊಟ್ಟಣದಿಂದ ತೊಂದರೆಗೊಳಗಾಗುವವರಲ್ಲಿ ಮಕ್ಕಳೂ ವೃದ್ಧರೂ ಗರ್ಭಿಣಿಯರೂ ಇರುತ್ತಾರೆ.

ಗ್ರಾಹಕರ ಗಮನಕ್ಕೆ

ಸರಕನ್ನು ಇಡುವ ಮೊದಲು ಪರದೆಯಲ್ಲಿ ಸೊನ್ನೆ ಇದೆಯೇ ಎಂದು ನೋಡುವುದು, ಡಬ್ಬಿಯಿದ್ದಲ್ಲಿ ಟೇರ್ ಕೀಲಿಯನ್ನು ಒತ್ತಲು ಕೇಳುವುದು, ಅಂಕಿಗಳು ಸ್ಥಿರವಾದ ನಂತರ ದರವನ್ನು ಹಲಗೆಯೊಂದಿಗೆ ಹೋಲಿಸುವುದು ಗ್ರಾಹಕನ ಹಕ್ಕು. ಇದರಿಂದ ವರ್ತಕನ ಮೇಲೆ ಅಪನಂಬಿಕೆ ತೋರಿದಂತಾಗುವುದಿಲ್ಲ. ಮೊದಲೇ ಕಟ್ಟಿದ ಪೊಟ್ಟಣದ ಬಗ್ಗೆ ಸಂದೇಹವಿದ್ದರೆ ಅದೇ ಅಂಗಡಿಯ ಯಂತ್ರದ ಮೇಲೆ ಮತ್ತೊಮ್ಮೆ ತೂಗಿಸಿ ನೋಡಬಹುದು. ಆಗ ಕಾಣುವ ತೂಕದಲ್ಲಿ ಡಬ್ಬಿಯೂ ಸೇರಿರುವುದರಿಂದ ಅದು ಚೀಟಿಯಲ್ಲಿನ ನಿವ್ವಳ ತೂಕಕ್ಕಿಂತ ಸ್ವಲ್ಪ ಹೆಚ್ಚೇ ಇರಬೇಕು. ಎರಡೂ ಸರಿಸಮವಾಗಿದ್ದರೆ ಡಬ್ಬಿಯನ್ನು ಕಳೆದಿಲ್ಲವೆಂದು ಊಹಿಸಬಹುದು.

ದೂರು ಸಲ್ಲಿಸುವವರು ಪೊಟ್ಟಣವನ್ನು ತೆರೆಯದೆ, ಲೇಬಲ್ ಮತ್ತು ಬಿಲ್ಲಿನೊಂದಿಗೆ ಇರಿಸಿಕೊಂಡು, ಆಯಾ ಪ್ರದೇಶದ ಕಾನೂನು ಮಾಪನಶಾಸ್ತ್ರ ನಿರೀಕ್ಷಕರ ಕಛೇರಿಯನ್ನು ಅಥವಾ ರಾಷ್ಟ್ರೀಯ ಗ್ರಾಹಕ ಸಹಾಯವಾಣಿ 1915 ಅನ್ನು ಸಂಪರ್ಕಿಸಬಹುದು. ಲೇಬಲ್‌ನ ಬರಹವು ಕೆಲವೇ ದಿನಗಳಲ್ಲಿ ಮಾಸುವ ಸಾಧ್ಯತೆಯಿರುವುದರಿಂದ ಅದರ ಛಾಯಾಚಿತ್ರವನ್ನು ಅಂದೇ ತೆಗೆದಿಟ್ಟುಕೊಳ್ಳತಕ್ಕದ್ದು. ಆಹಾರದ ಗುಣಮಟ್ಟ ಅಥವಾ ದಿನಾಂಕದ ತಿದ್ದುವಿಕೆಗೆ ಸಂಬಂಧಿಸಿದ ದೂರುಗಳನ್ನು ಆಹಾರ ಸುರಕ್ಷತಾ ಅಧಿಕಾರಿಗಳಿಗೆ ಸಲ್ಲಿಸಬೇಕು. ಅಂಗಡಿಯ ಪರವಾನಗಿ ಅಥವಾ ನೋಂದಣಿ ಸಂಖ್ಯೆಯನ್ನು 2022ರ ಜನವರಿ 1ರಿಂದ ಬಿಲ್ಲಿನಲ್ಲಿಯೇ ಮುದ್ರಿಸುವುದು ಕಡ್ಡಾಯವಾಗಿದ್ದು, ದೂರಿನಲ್ಲಿ ಆ 14 ಅಂಕಿಗಳ ಸಂಖ್ಯೆಯನ್ನು ಉಲ್ಲೇಖಿಸಿದಲ್ಲಿ ಅಂಗಡಿಯನ್ನು ಗುರುತಿಸುವುದು ಸುಲಭವಾಗುತ್ತದೆ.